ಛಾಯಾಗ್ರಾಹಕರ ಹೆಸರೂ ಹಾಕಿ

ಸಂಪಾದಕರೇ,

ನಿಮ್ಮ ಸಿನಿಮಾ ಪುಟವನ್ನು ನಾನು ಪ್ರತಿ ವಾರ ಓದುತ್ತೇನೆ. ವಿಮರ್ಶೆಯ ಜೊತೆ ನಿರ್ದೇಶಕರು, ನಿರ್ಮಾಪಕರು, ತಾರಾಗಣ ಎಲ್ಲ ಇರುತ್ತದೆ. ಛಾಯಾಗ್ರಾಹಕರ ಹೆಸರು ಮಾತ್ರ ಎಷ್ಟೋ ಸಲ ಇರುವುದಿಲ್ಲ. 'ಕ್ಯಾಮೆರಾ ಕೆಲಸ ಚೆನ್ನಾಗಿದೆ' ಅಂತ ಒಂದು ಸಾಲು ಬರುತ್ತದೆ. ಯಾರ ಕೆಲಸ ಅಂತ ಹೇಳಬೇಕಲ್ವಾ?

ಎಸ್. ರಾಮಚಂದ್ರ ಅವರನ್ನೇ ನೋಡಿ. 'ಮಾಲ್ಗುಡಿ ಡೇಸ್' ಅಂದ ತಕ್ಷಣ ಶಂಕರ್ ನಾಗ್ ನೆನಪಾಗುತ್ತಾರೆ, ಆಗುಂಬೆ ನೆನಪಾಗುತ್ತದೆ, ಆದರೆ ಆಗುಂಬೆಯ ಆ ಜಗಲಿ, ಆ ಬೀದಿಗಳ ಬೆಳಕನ್ನು ಕ್ಯಾಮೆರಾದಲ್ಲಿ ಹಿಡಿದ ಈ ಮನುಷ್ಯನ ಹೆಸರು ಎಷ್ಟು ಜನರಿಗೆ ಗೊತ್ತು? ಗಿರೀಶ್ ಕಾಸರವಳ್ಳಿಯವರ 1977ರ 'ಘಟಶ್ರಾದ್ಧ'ದ ಛಾಯಾಗ್ರಹಣವೂ ಅವರದೇ. ಕಪ್ಪು ಬಿಳುಪಿನ ಚಿತ್ರ, ಸಣ್ಣ ಬಜೆಟ್ಟು. ಆಗಿನ ಕಷ್ಟ ಈಗಿನವರಿಗೆ ಊಹಿಸುವುದೂ ಕಷ್ಟ. 400 ಅಡಿಯ ಒಂದು ಫಿಲ್ಮ್ ರೋಲ್ ನಾಲ್ಕೂವರೆ ನಿಮಿಷಕ್ಕೆ ಮುಗಿದುಹೋಗುತ್ತಿತ್ತು. ಲ್ಯಾಬ್‌ನಲ್ಲಿ ತೊಳೆದು ಬರುವ ತನಕ ಏನು ಬಂದಿದೆ ಅಂತ ಗೊತ್ತಾಗುತ್ತಿರಲಿಲ್ಲ. ಫಿಲ್ಮ್‌ಗೆ ದುಡ್ಡಿಲ್ಲದವರು ಇನ್ನೊಂದು ಟೇಕ್ ಕೇಳುವುದು ಹೇಗೆ? ಅಂಥ ಚಿತ್ರಕ್ಕೆ ವರ್ಷದ ಅತ್ಯುತ್ತಮ ಚಿತ್ರಕ್ಕೆ ಕೊಡುವ ರಾಷ್ಟ್ರಪ್ರಶಸ್ತಿ, ಸ್ವರ್ಣ ಕಮಲ ಬಂತು. ಹಳೆಯ ಫಿಲ್ಮನ್ನು ಸರಿಪಡಿಸಿ ಮಾಡಿದ ಅದರ ಹೊಸ ಪ್ರತಿಯನ್ನು 2024ರಲ್ಲಿ ವೆನಿಸ್ ಚಿತ್ರೋತ್ಸವದಲ್ಲಿ ತೋರಿಸಿದರು. ಅದನ್ನು ನೋಡಲು ರಾಮಚಂದ್ರ ಇರಲಿಲ್ಲ, 2011ರಲ್ಲೇ ತೀರಿಕೊಂಡಿದ್ದರು.

ಕಾಸರವಳ್ಳಿಯವರದೇ 'ದ್ವೀಪ' ಚಿತ್ರಕ್ಕೆ ಕ್ಯಾಮೆರಾ ಮಾಡಿ ರಾಷ್ಟ್ರಪ್ರಶಸ್ತಿ ಪಡೆದವರು ಎಚ್.ಎಂ. ರಾಮಚಂದ್ರ. ಇವರು ಬೇರೆ, ಅವರು ಬೇರೆ. ಪೂರ್ತಿ ಹೆಸರು ಹಾಕದೆ ಹೋದರೆ ಒಬ್ಬರ ಕೆಲಸ ಇನ್ನೊಬ್ಬರ ಲೆಕ್ಕಕ್ಕೆ ಹೋಗುತ್ತದೆ. ಮಾತಿನಲ್ಲಿ ಹೀಗೆ ಬೆರೆತುಹೋಗುವುದನ್ನು ನಾನೇ ಕೇಳಿದ್ದೇನೆ, ಬೇಜಾರಾಗುತ್ತದೆ.

ನಾನು ಸಣ್ಣ ಚಿತ್ರಗಳಲ್ಲಿ ಕ್ಯಾಮೆರಾ ಸಹಾಯಕ. ಇಂಥ ಚಿತ್ರಗಳಲ್ಲಿ ಸಂಬಳ ಕಡಿಮೆ, ಅದೂ ತಡವಾಗಿ ಬರುತ್ತದೆ. ಒಂದು ಚಿತ್ರದಲ್ಲಿ ಕೊನೆಯ ಕಂತು ನಮಗೆ ಬರಲೇ ಇಲ್ಲ. ಮನೆ ನಡೆಸಲು ನಮ್ಮ ಛಾಯಾಗ್ರಾಹಕರು ಮದುವೆ ವಿಡಿಯೊ, ಜಾಹೀರಾತು ಅಂತ ಸಿಕ್ಕಿದ್ದೆಲ್ಲ ಮಾಡುತ್ತಾರೆ, ನಡುವೆ ಯಾರೋ ಹೊಸ ಹುಡುಗ ಕಥೆ ಹಿಡಿದುಕೊಂಡು ಬಂದರೆ ದುಡ್ಡಿನ ಮಾತು ಆಮೇಲೆ ಅಂತ ಹೊರಟುಬಿಡುತ್ತಾರೆ. ಅವರಿಗೆ ಸ್ಟುಡಿಯೊ ಇಲ್ಲ, ಮ್ಯಾನೇಜರ್ ಇಲ್ಲ. ಮುಂದಿನ ಕೆಲಸ ಸಿಗುವುದು ಹಿಂದಿನ ಕೆಲಸ ಯಾರದು ಅಂತ ನಾಲ್ಕು ಜನರಿಗೆ ಗೊತ್ತಾದಾಗ ಮಾತ್ರ. ಪತ್ರಿಕೆಯಲ್ಲಿ ಹೆಸರು ಬಂದ ದಿನ ಅವರು ಅದನ್ನು ಕತ್ತರಿಸಿ ಇಟ್ಟುಕೊಂಡಿದ್ದನ್ನು ನೋಡಿದ್ದೇನೆ.

ಅದಕ್ಕೇ ಕೇಳುತ್ತಿದ್ದೇನೆ, ನಿಮ್ಮ ವಿಮರ್ಶೆಗಳಲ್ಲಿ ನಿರ್ದೇಶಕರ ಹೆಸರಿನ ಪಕ್ಕದಲ್ಲೇ ಛಾಯಾಗ್ರಾಹಕರ ಹೆಸರೂ ಇರಲಿ, ಚಿತ್ರ ಎಷ್ಟೇ ಸಣ್ಣದಾಗಿರಲಿ. ನಿಮ್ಮ ಹಳೆಯ ಸಂಚಿಕೆಗಳಲ್ಲಿ ಎಸ್. ರಾಮಚಂದ್ರ ಅವರ ಸಂದರ್ಶನ ಏನಾದರೂ ಇದ್ದರೆ ಅದನ್ನು ಇನ್ನೊಮ್ಮೆ ಪ್ರಕಟಿಸಿ. ನಮ್ಮಂಥವರು ಕಾಯುತ್ತಿದ್ದೇವೆ.

– ಒಬ್ಬ ಕ್ಯಾಮೆರಾ ಸಹಾಯಕ, ಬೆಂಗಳೂರು