ಒಕವಾಂಗೊದ ಉಪ್ಪು, ನಮ್ಮ ಸವಳು

ಮಾನ್ಯರೇ,

ನಿಮ್ಮ ಭಾನುವಾರದ ಪುರವಣಿಯಲ್ಲಿ ಬೋಟ್ಸ್ವಾನಾದ ಒಕವಾಂಗೊ ಮುಖಜಭೂಮಿಯ ಬಗ್ಗೆ ಬಂದ ಲೇಖನ ಓದಿಸಿಕೊಂಡು ಹೋಯಿತು. ಆನೆಗಳ ಫೋಟೊಗಳಂತೂ ಸೊಗಸು. ಆದರೆ ‘ಈ ನದಿ ಸಮುದ್ರ ಸೇರದೆ ಕಲಹರಿಯ ಮರಳಿನಲ್ಲಿ ಇಂಗಿಹೋಗುತ್ತದೆ’ ಎಂಬ ಮಾತನ್ನು ತಿದ್ದಬೇಕು. ಸಮುದ್ರ ಸೇರದಿರುವುದು ನಿಜ, ಮರಳಿನಲ್ಲಿ ಇಂಗಿಹೋಗುವುದು ನಿಜವಲ್ಲ. ಬೇರೆ ಜಿಲ್ಲೆಯ ಓದುಗರು ಇದನ್ನು ಸಣ್ಣ ತಪ್ಪೆಂದು ಬಿಟ್ಟಾರು. ಅಥಣಿ, ಜಮಖಂಡಿ, ಮುಧೋಳದ ಕಡೆ ಕಬ್ಬಿನ ಹೊಲ ಸವಳು ಹಿಡಿದು, ಅಂದರೆ ಮಣ್ಣಿಗೆ ಉಪ್ಪು ಹತ್ತಿ, ಬೆಳ್ಳಗಾಗಿದ್ದು ಕಂಡವರು ಬಿಡುವಂತಿಲ್ಲ.

ಅಂಗೋಲಾದ ಎತ್ತರದ ನಾಡಿನಲ್ಲಿ ನವೆಂಬರ್‌ನಿಂದ ಮಾರ್ಚ್‌ವರೆಗೆ ಮಳೆ. ಅಲ್ಲಿಂದ ಕುಬಾಂಗೊ, ಕುಯಿಟೊ ಹೊಳೆಗಳು ಕೂಡಿ ಬಂದು, ನಮೀಬಿಯಾದ ಕಿರಿದಾದ ಪಟ್ಟಿಯೊಂದನ್ನು ದಾಟಿ, ಮೊಹೆಂಬೊ ಹತ್ತಿರ ಬೋಟ್ಸ್ವಾನಾದೊಳಗೆ ಬರುತ್ತವೆ. ಅಲ್ಲಿ ನೆರೆ ತುಂಬುವುದು ಏಪ್ರಿಲ್ ಹೊತ್ತಿಗೆ. ಕೆಳತುದಿಯ ಮಾವುನ್ ಪಟ್ಟಣಕ್ಕೆ ನೀರು ಮುಟ್ಟುವಾಗ ಜೂನ್, ಜುಲೈ ಆಗಿರುತ್ತದೆ. ಸುಮಾರು 3,400 ಅಡಿ ಹೋದರೆ ಒಂದಡಿ ಇಳಿಜಾರು, ಅದರ ಮೇಲೆ ದಟ್ಟ ಪಪೈರಸ್ ಜೊಂಡು; ನೀರು ತೆವಳಿಕೊಂಡೇ ಬರಬೇಕು. ಹೀಗಾಗಿ ಹನಿ ಮಳೆಯಿಲ್ಲದ ಒಣ ತಿಂಗಳಲ್ಲಿ ಅಲ್ಲಿ ನೆರೆ.

ವರ್ಷಕ್ಕೆ ಒಳಬರುವುದು ಸುಮಾರು 10 ಘನ ಕಿಲೋಮೀಟರ್, ನಮ್ಮ ಲೆಕ್ಕದಲ್ಲಿ 350 ಟಿಎಂಸಿ. ಆಲಮಟ್ಟಿ 519.60 ಮೀಟರ್‌ಗೆ ತುಂಬಿದಾಗ ಹಿಡಿಯುವುದು 123 ಟಿಎಂಸಿ ಎಂದರೆ ಅಂದಾಜು ಸಿಗುತ್ತದೆ. ಇದರಲ್ಲಿ ಮಾವುನ್ ದಾಟಿ ಹೊರಬೀಳುವುದು ನೂರಕ್ಕೆ ಎರಡರಷ್ಟು. ನೆಲದಾಳಕ್ಕೆ ಇಳಿದು ಉಳಿಯುವುದೂ ಅಷ್ಟೇ ಅತ್ಯಲ್ಪ. ಉಳಿದದ್ದೆಲ್ಲ ಬಿಸಿಲಿಗೆ ಆರುತ್ತದೆ, ಇಲ್ಲವೇ ಜೊಂಡು, ಮರಗಳ ಎಲೆಯಿಂದ ಆವಿಯಾಗುತ್ತದೆ. ಮೇಲ್ಮಣ್ಣಿಗೆ ಇಂಗಿದ್ದನ್ನೂ ಬೇರು ಮತ್ತೆ ಎತ್ತಿಬಿಡುತ್ತದೆ.

ನೀರು ಆರಿದರೆ ಅದರೊಳಗಿನ ಉಪ್ಪು ಆರುವುದಿಲ್ಲ. ಒಕವಾಂಗೊ ನೀರು ಬಹಳ ಸಿಹಿ, ಲೀಟರಿಗೆ ಸುಮಾರು 40 ಮಿಲಿಗ್ರಾಂ ಲವಣ ಮಾತ್ರ. ಆದರೂ 10 ಘನ ಕಿಲೋಮೀಟರ್‌ಗೆ ಗುಣಿಸಿ ನೋಡಿ: ವರ್ಷಕ್ಕೆ 4 ಲಕ್ಷ ಟನ್. ಹೊಳೆ ಹೊತ್ತು ತರುವ ಮರಳು, ಹೂಳಿಗಿಂತ ಇದೇ ಹೆಚ್ಚು. ಸಮುದ್ರಕ್ಕೆ ದಾರಿಯಿಲ್ಲ. ಹಾಗಿದ್ದರೆ ಇಷ್ಟು ಕಾಲದಲ್ಲಿ ಅದು ಪಕ್ಕದ ಮಖಾಡಿಖಾಡಿಯಂತೆ ಉಪ್ಪಿನ ಬಯಲಾಗಬೇಕಿತ್ತು. ಆಗಿಲ್ಲ, ಇಂದಿಗೂ ಬೊಗಸೆಯಲ್ಲಿ ಎತ್ತಿ ಕುಡಿಯುವ ನೀರು.

ಕಾರಣ ಅಲ್ಲಿನ ನಡುಗಡ್ಡೆಗಳು. ಎಷ್ಟೋ ನಡುಗಡ್ಡೆಗಳ ಮೂಲ ಗೆದ್ದಲಿನ ಹುತ್ತ. ನೆರೆಯಿಂದ ಮೇಲಿರುವ ಹುತ್ತದ ಮೇಲೆ ಹಕ್ಕಿಗಳು ಉದುರಿಸಿದ ಬೀಜ ಮೊಳೆತು ಮರವಾಗುತ್ತದೆ. ಬೆಳೆದ ನಡುಗಡ್ಡೆಯ ಅಂಚಿನಿಂದ ಒಳಗೆ ನಡೆದರೆ ಮೊದಲು ಅತ್ತಿಯ ಜಾತಿಯ ಮರಗಳು, ಕಾಡು ಈಚಲು. ಆಮೇಲೆ ಉಪ್ಪು ತಾಳುವ ತಾಳೆ. ಆಮೇಲೆ ಮೊನಚು ಎಲೆಯ ಗಿಡ್ಡ ಹುಲ್ಲು. ನಟ್ಟನಡುವೆ ಏನೂ ಬೆಳೆಯದ ಬಿಳಿ ನೆಲ. ಅಂಚಿನ ಮರಗಳು ಹಗಲಿಡೀ ನೀರು ಹೀರುವುದರಿಂದ ನಡುಗಡ್ಡೆಯಡಿಯ ಅಂತರ್ಜಲ ಸುತ್ತಲಿನ ಜೌಗಿಗಿಂತ ತಗ್ಗಿರುತ್ತದೆ. ಸುತ್ತಲಿನ ನೀರು ಒಳಕ್ಕೇ ಜಿನುಗುತ್ತದೆ, ಹೊರಗೆ ಬರುವುದಿಲ್ಲ. ಮೊದಲು ಸುಣ್ಣ, ಸಿಲಿಕಾ ಗಟ್ಟಿಯಾಗಿ ಅಂಚಿನಡಿ ಕೂಡುತ್ತವೆ, ಅದರಿಂದ ನೆಲವೇ ಉಬ್ಬುತ್ತದೆ. ಕರಗಿಯೇ ಉಳಿಯುವ ಸೋಡಿಯಂ ನಡುವಿಗೆ ಸರಿದು ಗಿಡಗಳನ್ನು ಕೊಲ್ಲುತ್ತದೆ. ತೀರ ದಪ್ಪನಾದ ಉಪ್ಪುನೀರು ತನ್ನ ಭಾರಕ್ಕೆ ಕೆಳಕ್ಕಿಳಿಯುತ್ತದೆ. ನಡುಗಡ್ಡೆ ಒಡಲೊಳಗೆ ವಿಷ ಇಟ್ಟುಕೊಂಡಿದ್ದಕ್ಕೇ ಸುತ್ತಲಿನ ಹೊಳೆ ಸಿಹಿ.

ನಮ್ಮ ಎರೆಭೂಮಿಯಲ್ಲಿ ನಡೆಯುವುದೂ ಇದೇ ರಸಾಯನ. ಕಾಲುವೆ ನೀರು ಹೆಚ್ಚಾಗಿ ಜವಳು ಹಿಡಿದಾಗ ಸುಣ್ಣ ಮೊದಲು ಕಲ್ಲಾಗಿ ಕೂತು ಸೋಡಿಯಂ ಉಳಿಯುತ್ತದೆ, ಮಣ್ಣು ಬಿಗಿಯಾಗುತ್ತದೆ. ಒಂದೇ ವ್ಯತ್ಯಾಸ, ಉಪ್ಪು ಇಡಲು ನಮ್ಮಲ್ಲಿ ಬೇರೆ ನಡುಗಡ್ಡೆಯಿಲ್ಲ. ಎರಡೆಕರೆ ಹೊಲದ ನಡುವೇ ಆ ಬಿಳಿ ನೆಲ. ಕಾಲುವೆ ಬದುವಿಗೆ ನೀಲಗಿರಿ ಹಚ್ಚಿದರೆ ಸವಳು ಹೋಗುತ್ತದೆ ಎಂದು ಹೇಳುವವರು ಇದನ್ನು ಗಮನಿಸಬೇಕು. ಮರ ನೀರಿನ ಮಟ್ಟ ಇಳಿಸುತ್ತದೆ, ಉಪ್ಪನ್ನು ತನ್ನ ಬುಡದಲ್ಲೇ ಬಿಡುತ್ತದೆ. ಉಪ್ಪು ಹೊಲದಾಚೆ ಹೋಗಬೇಕಾದರೆ ಬಸಿಗಾಲುವೆಯೇ ಬೇಕು: ಮೀಟರಿಗಿಂತ ತುಸು ಆಳದಲ್ಲಿ, ಜಾಳಿಗೆ ಸುತ್ತಿದ ತೂತಿನ ಪೈಪು, ಹಳ್ಳದ ಕಡೆ ಸಮನಾದ ಇಳಿಜಾರು. ಕೆಡುವುದು ಹೆಚ್ಚಾಗಿ ಹಳ್ಳಕ್ಕೆ ಬೀಳುವ ಪೈಪಿನ ಬಾಯಲ್ಲೇ. ಹಳ್ಳ ಹೂಳು ತುಂಬಿ ಪೈಪಿನ ಬಾಯಿಗಿಂತ ಮೇಲೆ ಬಂದರೆ ಮಳೆಗಾಲದಲ್ಲಿ ನೀರು ಹಿಂದಕ್ಕೇ ನುಗ್ಗುತ್ತದೆ.

ಮಣ್ಣಿನ ಪರೀಕ್ಷೆಯಲ್ಲೂ ಒಂದು ಎಡವಟ್ಟಿದೆ. ಇ.ಸಿ. (ವಿದ್ಯುತ್ ವಾಹಕತೆ, ಅಂದರೆ ಉಪ್ಪಿನ ಅಳತೆ) 4 ದಾಟಿದರೆ ಸವಳು ಎನ್ನುವ ಲೆಕ್ಕ ಮಣ್ಣು ಕೆಸರಾಗುವಷ್ಟೇ ನೀರು ಹಾಕಿ ಕಲಸಿ ತೆಗೆದ ಸಾರಕ್ಕೆ. ಒಂದು ಪಾಲು ಮಣ್ಣಿಗೆ ಎರಡೂವರೆ ಪಾಲು ನೀರು ಹಾಕಿ ಅಳೆದ ಅಂಕಿ ಅದಕ್ಕಿಂತ ಕಡಿಮೆಯೇ ಬರುತ್ತದೆ. ಅದನ್ನು ನೋಡಿ ಹೊಲ ಚೆನ್ನಾಗಿದೆ ಎಂದುಕೊಳ್ಳಬಾರದು. ರಸಸಾರ (ಪಿಎಚ್) 8.5 ಮೀರಿ, ವಿನಿಮಯ ಸೋಡಿಯಂ, ಅಂದರೆ ಮಣ್ಣಿನ ಕಣಕ್ಕೆ ಅಂಟಿದ ಸೋಡಿಯಂ, ನೂರಕ್ಕೆ 15 ದಾಟಿದ್ದರೆ ಜಿಪ್ಸಂ ಬೇಕು. ಬಸಿಯುವ ದಾರಿ ಮಾಡದೆ ಚೆಲ್ಲಿದ ಜಿಪ್ಸಂಗೆ ಕೊಟ್ಟ ದುಡ್ಡು ದಂಡ.

ಲೇಖನದಲ್ಲಿ ಸರ್ಕಾರವೇ ಎಲ್ಲ ಉಳಿಸಿತು ಎಂಬ ಧ್ವನಿಯೂ ಇತ್ತು. ಮುಖಜಭೂಮಿಯ ಮೊರೆಮಿ ವನ್ಯಧಾಮವನ್ನು 1963ರಲ್ಲಿ, ಬೋಟ್ಸ್ವಾನಾ ಸ್ವಾತಂತ್ರ್ಯಕ್ಕೆ ಮೂರು ವರ್ಷ ಮೊದಲೇ, ತಮ್ಮ ನೆಲದಲ್ಲಿ ಘೋಷಿಸಿಕೊಂಡವರು ಅಲ್ಲಿನ ಬತವಾನ ಜನ. ಒರಾಪಾದ ವಜ್ರದ ಗಣಿಗೆ, ನೀರಾವರಿಗೆ ನೀರು ಬೇಕೆಂದು ಸರ್ಕಾರ ಮುಖಜಭೂಮಿಯ ಬೊರೊ ಹೊಳೆಯ ಕೆಳಪಾತ್ರವನ್ನು ಅಗೆದು ನೇರ ಮಾಡಹೊರಟಾಗ, 1991ರ ಜನವರಿಯಲ್ಲಿ ಮಾವುನ್‌ನ ‘ಖೊಟ್ಲಾ’ದಲ್ಲಿ, ಅಂದರೆ ಊರ ಕಟ್ಟೆಯ ಸಭೆಯಲ್ಲಿ, ಅಧಿಕಾರಿಗಳ ಎದುರೇ ಬೇಡ ಎಂದವರೂ ಅಲ್ಲಿಯವರೇ. ಯೋಜನೆ ನಿಂತಿತು. ವಿಶ್ವ ಪರಂಪರೆಯ ಸಾವಿರನೇ ತಾಣ ಎಂಬ ಹೆಸರು ಬಂದದ್ದು 2014ರಲ್ಲಿ, ಬಹಳ ತಡವಾಗಿ.

ಕೊನೆಗೆ ನಕ್ಷೆ. ಅದರಲ್ಲಿ ಬೊಟೆಟಿ ಹೊಳೆಯನ್ನು ನೈಋತ್ಯದ ನಗಾಮಿ ಸರೋವರಕ್ಕೆ ಸೇರಿಸಿದ್ದೀರಿ. ಬೊಟೆಟಿ ಹರಿಯುವುದು ಪೂರ್ವಕ್ಕೆ, ಮಖಾಡಿಖಾಡಿಯತ್ತ. 1990ರ ದಶಕದಲ್ಲಿ ಬತ್ತಿದ್ದ ಅದರ ಕೆಳಪಾತ್ರಕ್ಕೆ ನೀರು ಮರಳಿದ್ದು 2009ರ ಸುಮಾರಿಗೆ.

– ಇಬ್ಬರು ಭೂಗೋಳ ಶಿಕ್ಷಕರು, ಜಮಖಂಡಿ, ಬಾಗಲಕೋಟೆ ಜಿಲ್ಲೆ