ನಿಮ್ಮ ಲೇಖನದಲ್ಲಿ ಕುದುರೆ ಎಲ್ಲಿ?

ಪ್ರಿಯ ಮಿತ್ರರೇ,

ಸ್ಪೇನಿನ ಗೂಳಿಕಾಳಗವನ್ನು ಮೊದಮೊದಲು ಸಿನಿಮಾ ಕ್ಯಾಮೆರಾದಲ್ಲಿ ಸೆರೆಹಿಡಿದವರ ಬಗ್ಗೆ ನೀವು ಬರೆದ ಲೇಖನ ತಲುಪಿತು. ಸಿಟ್ಟು ನ್ಯಾಯವಾದದ್ದೇ. ಆದರೆ ಎರಡನೇ ಸಾಲಿಗೇ ‘ಕ್ರೌರ್ಯದ ಪರಮಾವಧಿ’ ಎಂದು ತೀರ್ಪು ಕೊಟ್ಟುಬಿಟ್ಟಿದ್ದೀರಿ. ಓದುವವರಿಗೆ ನೋಡಲು ಏನನ್ನು ಉಳಿಸಿದಿರಿ?

ಆ ಕ್ಯಾಮೆರಾದವರ ಪಾಡು ನೆನೆಯಿರಿ. 1896ರಲ್ಲಿ ಫ್ರಾನ್ಸಿನ ಸಿನಿಮಾ ಪ್ರವರ್ತಕರಾದ ಲುಮಿಯೇರ್ ಸಹೋದರರ ಪರವಾಗಿ ಅವರ ಕ್ಯಾಮೆರಾದವನಾದ ಪ್ರೊಮಿಯೊ ಮ್ಯಾಡ್ರಿಡ್‌ಗೆ ಹೋದಾಗ ಅವನ ಮರದ ಪೆಟ್ಟಿಗೆಯಲ್ಲಿ ಹಿಡಿಸುತ್ತಿದ್ದುದು ಸುಮಾರು 17 ಮೀಟರ್ ಫಿಲ್ಮು. ಸೆಕೆಂಡಿಗೆ ಎರಡು ಸುತ್ತಿನಂತೆ ಕೈಯಿಂದ ತಿರುಗಿಸಿದರೆ 50 ಸೆಕೆಂಡಿಗೆಲ್ಲ ಖಾಲಿ. ಒಂದು ಗೂಳಿಯ ಸರದಿಗೆ ಹೆಚ್ಚುಕಡಿಮೆ 20 ನಿಮಿಷ ಹಿಡಿಯುತ್ತದೆ: ಕುದುರೆಯ ಮೇಲಿನ ಪಿಕಾದೋರ್‌ನ ಭರ್ಜಿ, ಹೆಗಲಿಗೆ ಚುಚ್ಚುವ ಬಣ್ಣದ ಕಡ್ಡಿಗಳು, ಕೊನೆಗೆ ಗೂಳಿಯನ್ನು ಕೊಲ್ಲುವ ಮತಾದೋರ್‌ನ ಕತ್ತಿ. ಇಷ್ಟರಲ್ಲಿ ಯಾವ 50 ಸೆಕೆಂಡು? ಪ್ರೊಮಿಯೊ ಅಲ್ಲಿ ತೆಗೆದ ಒಂದು ತುಣುಕಿನಲ್ಲಿ ಇರುವುದು ಕಾಳಗದವರು ಬಂದಿಳಿಯುವ ದೃಶ್ಯ ಮಾತ್ರ. ನೀವೋ ಇಡೀ ಮಧ್ಯಾಹ್ನವನ್ನೂ ಆರೂ ಗೂಳಿಗಳನ್ನೂ ನಾಲ್ಕು ಪುಟಕ್ಕೆ ತುರುಕಿದ್ದೀರಿ. ಒಂದನ್ನು ಇಟ್ಟುಕೊಳ್ಳಿ.

ಕುದುರೆಯನ್ನಂತೂ ಪೂರ್ತಿ ಮರೆತಿದ್ದೀರಿ. ಇಂದಿನ ಪಿಕಾದೋರ್‌ನ ಕುದುರೆಗೆ ದಪ್ಪ ಹಾಸಿನ ರಕ್ಷಾಕವಚವಿರುತ್ತದೆ. ಸ್ಪೇನಿನಲ್ಲಿ ಅದು ಕಡ್ಡಾಯವಾದದ್ದು 1928ರಲ್ಲಿ. ಅದಕ್ಕೂ ಮುಂಚೆ ಗಾಡಿ ಎಳೆದು ಸವೆದ ಮುದಿ ಕುದುರೆಯ ಬಲಗಣ್ಣಿಗೆ ಬಟ್ಟೆ ಕಟ್ಟಿ, ಬರಿಯ ಪಕ್ಕೆಯನ್ನು ಗೂಳಿಗೆ ಒಡ್ಡುತ್ತಿದ್ದರು. ಕೊಂಬು ಹೊಟ್ಟೆ ಸೀಳುತ್ತಿತ್ತು. ಆ ಬಟ್ಟೆ ಕಟ್ಟಿದ ಕಣ್ಣನ್ನು ಬರೆಯಿರಿ; ನಿಮ್ಮ ವಿಶೇಷಣಗಳೆಲ್ಲ ತಾವಾಗಿಯೇ ಜಾಗ ಖಾಲಿ ಮಾಡುತ್ತವೆ.

ಇನ್ನೊಂದು ತಕರಾರು. ‘ಜನಸ್ತೋಮದ ಹರ್ಷೋದ್ಗಾರ ಮುಗಿಲು ಮುಟ್ಟಿತು’ ಎಂದಿದ್ದೀರಿ. ಮೂಕಿಚಿತ್ರದಲ್ಲಿ ಅದು ನಿಮಗೆ ಹೇಗಪ್ಪಾ ಕೇಳಿಸಿತು? ಕಂಡದ್ದನ್ನು ಹೇಳಿ: ಎದ್ದು ನಿಂತವರು, ಬೀಸಿದ ಟೋಪಿಗಳು, ಅಗ್ಗದ ಟಿಕೆಟ್ಟಿನವರ ಮೇಲೆ ಬಿಸಿಲು, ದುಬಾರಿ ಟಿಕೆಟ್ಟಿನವರ ಮೇಲೆ ನೆರಳು.

ಹಾವೇರಿಯ ಹೋರಿ ಬೆದರಿಸುವ ಸ್ಪರ್ಧೆಗೆ ಹೋಲಿಸಿದ ಭಾಗವನ್ನು ತೆಗೆದುಬಿಡಿ. ಅಲ್ಲಿ ಕೊಬ್ಬರಿ ಹಾರ ಹೊತ್ತ ಹೋರಿ ಯಾರ ಕೈಗೂ ಸಿಗದೆ ಓಡಿದರೆ ಗೆದ್ದಂತೆ. ಸ್ಪೇನಿನ ಗೂಳಿಗೆ ಓಡಿ ಗೆಲ್ಲುವ ದಾರಿಯೇ ಇಲ್ಲ. ಹಾವೇರಿಯ ಸ್ಪರ್ಧೆಗಿರುವ ಆಕ್ಷೇಪಗಳೇ ಬೇರೆ. ಬೇಕಿದ್ದರೆ ಅದಕ್ಕೆ ಪ್ರತ್ಯೇಕ ಲೇಖನ ಬರೆಯಿರಿ.

ತಿದ್ದಿದ ಪ್ರತಿಯನ್ನು ಕಳುಹಿಸಿ. ಎರಡು ಪುಟ ಸಾಕು.

ನಿಮ್ಮ ವಿಶ್ವಾಸಿ