ಗೆಳೆಯನಿಗೊಂದು ಪತ್ರ: ಅಪ್ಪನ ರೋಸ್ಟು

ಪ್ರೀತಿಯ ರೇಡಿಯೋ,

ಫೋನ್ ಮಾಡಬಹುದಿತ್ತು. ಮಾಡಿದರೆ ಎರಡನೇ ನಿಮಿಷಕ್ಕೇ ನೀನು ಕಬ್ಬನ್ ಪಾರ್ಕಿನ ಕೊಡೆ ವಿಷಯ ತೆಗೆಯುತ್ತೀಯ. ನಾನು ಹೇಳಬೇಕಾದ್ದು ಗಂಟಲಲ್ಲೇ ಉಳಿಯುತ್ತದೆ. ಅದಕ್ಕೇ ಬರೆಯುತ್ತಿದ್ದೇನೆ. ನಾಲ್ಕು ಜನ ಓದುವ ಕಡೆ ಬರೆದರೆ ಅರ್ಧಕ್ಕೆ ಅಳಿಸಿ ಹಾಕೋಕೆ ಆಗಲ್ಲ, ಅಲ್ವಾ?

ಹೋದ ಭಾನುವಾರ ಅಮ್ಮನಿಗೆ 75 ತುಂಬಿತು. ಅಕ್ಕ, ಭಾವ, ಅವರ ಮಕ್ಕಳು ಊಟಕ್ಕೆ ಬರುವವರಿದ್ದರು. ಏನು ಮಾಡಲಮ್ಮಾ ಅಂತ ಕೇಳಿದೆ. "ನಿಮ್ಮಪ್ಪನ ರೋಸ್ಟು" ಅಂದಳು.

ಅಪ್ಪ ಹೋಗಿ ಎರಡು ವರ್ಷವಾಯಿತು. ಆಮೇಲೆ ನಮ್ಮ ಮನೆಯಲ್ಲಿ ಯಾರೂ ಅದನ್ನು ಮಾಡಿಲ್ಲ. ಕಾಕ್ಸ್ ಟೌನಿನ ವಠಾರದಲ್ಲಿದ್ದಾಗ ಪಕ್ಕದ ಮನೆಯ ಆಂಗ್ಲೋ ಇಂಡಿಯನ್ ಆಂಟಿ ಅಪ್ಪನಿಗೆ ಕಲಿಸಿಕೊಟ್ಟ ಅಡುಗೆ ಅದು. ಓವನ್ ಬೇಡ. ಇಡೀ ತುಂಡು ಬೀಫು, ಕಾಳುಮೆಣಸು, ಒಣಮೆಣಸಿನಕಾಯಿ, ಚಕ್ಕೆ, ಲವಂಗ, ಒಂದಿಷ್ಟು ವಿನೆಗರ್. ಕೊನೆಗೆ ಅದೇ ರಸದಲ್ಲಿ ಹುರಿದ ಆಲೂಗಡ್ಡೆ. ಕ್ರಿಸ್‌ಮಸ್ಸಿಗೆ, ಈಸ್ಟರ್‌ಗೆ ಪೂಜೆ ಮುಗಿಸಿ ಬಂದರೆ ವಠಾರದ ಬಾಗಿಲಲ್ಲೇ ಮೆಣಸಿನ ಘಮ ಸಿಗುತ್ತಿತ್ತು.

ಶನಿವಾರ ಬೆಳಿಗ್ಗೆ ಶಿವಾಜಿನಗರಕ್ಕೆ ಹೋದೆ. "ಕತ್ತರಿಸಬೇಡಿ ಭಾಯ್, ಒಂದೇ ತುಂಡು ಬೇಕು" ಅಂದೆ. ಅವರು ತೊಡೆಯ ಕಡೆಯಿಂದ ಒಂದೂವರೆ ಕಿಲೋ ತೆಗೆದು, ಮೇಲಿನ ಪೊರೆ ಸವರಿ ಕೊಟ್ಟರು. ರಸೆಲ್ ಮಾರ್ಕೆಟ್ಟಿನ ಹೂವಿನವರ ಹತ್ತಿರ ಹೂ ಕಟ್ಟುವ ದಾರ ತೆಗೆದುಕೊಂಡೆ. ಅಪ್ಪ ಮಾಂಸವನ್ನು ಸುತ್ತಿ ಕಟ್ಟುತ್ತಿದ್ದದ್ದು ಅದರಲ್ಲೇ. ಬೆಂದ ಮೇಲೂ ತುಂಡು ಬಿಚ್ಚಿಕೊಳ್ಳುತ್ತಿರಲಿಲ್ಲ. ಮನೆಗೆ ಬಂದು ಫೋರ್ಕಿನಲ್ಲಿ ಚುಚ್ಚಿ, ಉಪ್ಪು, ಮೆಣಸಿನಪುಡಿ, ಶುಂಠಿ ಬೆಳ್ಳುಳ್ಳಿ, ವಿನೆಗರ್ ಉಜ್ಜಿ ರಾತ್ರಿಯಿಡೀ ಫ್ರಿಜ್ಜಿನಲ್ಲಿಟ್ಟೆ.

ಯೂಟ್ಯೂಬಿನಲ್ಲಿ ಹೊರದೇಶದವರು ರೋಸ್ಟ್ ಮಾಡೋದನ್ನು ನೋಡಿದ್ದೆ. ಒಳಗಡೆ 55 ಡಿಗ್ರಿ ಬಂದರೆ ಸಾಕು, ನಡುವೆ ಕೆಂಪಗಿರಲಿ ಅನ್ನುತ್ತಾರೆ. ಅದು ಎಳೆಯ ದನದ ಮಾತು. ಇಲ್ಲಿ 2021ರಲ್ಲಿ ಹೊಸ ಕಾಯ್ದೆ ಬಂದ ಮೇಲೆ ಕಡಿಯಲು ಅವಕಾಶ ಇರುವುದು 13 ವರ್ಷ ದಾಟಿದ ಎಮ್ಮೆ, ಕೋಣಗಳನ್ನು ಮಾತ್ರ. ನಾವು ಬೀಫು ಅನ್ನುವುದು ಅದನ್ನೇ. ಕೊಬ್ಬು ಕಡಿಮೆ, ನಾರು ಜಾಸ್ತಿ. ವಯಸ್ಸಾದ ಮಾಂಸದೊಳಗಿನ ಕೊಲಾಜೆನ್ ಅನ್ನೋ ಗಟ್ಟಿ ನಾರು ಸುಲಭಕ್ಕೆ ಬಗ್ಗುವುದಿಲ್ಲ. ನೀರಿನ ಜೊತೆ ತುಂಬ ಹೊತ್ತು ಬಿಸಿಯಲ್ಲಿದ್ದರೆ ಮಾತ್ರ ಕರಗಿ ಜೆಲಾಟಿನ್ ಆಗುತ್ತದೆ. ಕಾಲು ಸೂಪು ಕುಡಿದಾಗ ತುಟಿ ಅಂಟಂಟಾಗುತ್ತದಲ್ಲ, ಅದೇ. ಇದರ ಮೇಲೆ ನಮ್ಮ ಬೆಂಗಳೂರು ಸಮುದ್ರಮಟ್ಟದಿಂದ 900 ಮೀಟರಿಗಿಂತ ಎತ್ತರದಲ್ಲಿದೆ. ನೀರು ಸುಮಾರು 97 ಡಿಗ್ರಿಗೇ ಕುದಿಯುತ್ತದೆ. ತೆರೆದ ಪಾತ್ರೆಯಲ್ಲಿ ಇಟ್ಟರೆ ಅರ್ಧ ದಿನ ಬೇಕು. ಕುಕ್ಕರಿನೊಳಗೆ ಬಿಸಿ 120ರ ಹತ್ತಿರ ಏರುತ್ತದೆ. ಆಂಟಿಗೆ ಈ ಲೆಕ್ಕ ಗೊತ್ತಿತ್ತೋ ಇಲ್ಲವೋ, ಅವರು ಕುಕ್ಕರಿನಲ್ಲೇ ಮಾಡುತ್ತಿದ್ದರು.

ಮೊದಲು ಎಣ್ಣೆಯಲ್ಲಿ ಎಲ್ಲ ಕಡೆ ಕಂದು ಬಣ್ಣ ಬರುವವರೆಗೆ ಹುರಿದೆ. ಆಮೇಲೆ ನೀರು ಹಾಕಿ ಮುಚ್ಚಿದೆ. ಮಟನ್ ಲೆಕ್ಕದಲ್ಲಿ ಐದು ಸೀಟಿ ಕೂಗಿಸಿ ತೆಗೆದು ನೋಡಿದರೆ ಚಾಕು ಒಳಗೆ ಹೋಗುತ್ತಿಲ್ಲ. ಅಮ್ಮ ಬಂದು ನೋಡಿದಳು. "ಮುದಿ ಎಮ್ಮೆ ಕಣೋ. ಅವಸರ ಮಾಡಿದರೆ ಅದು ಕೇಳಲ್ಲ" ಅಂದು ಮತ್ತೆ ಮುಚ್ಚಿ, ಉರಿ ಸಣ್ಣ ಮಾಡಿ ಹೋದಳು.

ಮತ್ತೆ ಸೀಟಿ ಕೂಗಿತು. ಹಾಲಿನಲ್ಲಿ ಹೋಂವರ್ಕ್ ಮಾಡುತ್ತಿದ್ದ ಮಗಳು ಎದ್ದು ಬಂದಳು. ಅಡುಗೆಮನೆ ಕಿಟಕಿ ಮುಚ್ಚಿದಳು. ಹಾಲಿನ ಎರಡು ಕಿಟಕಿ ಮುಚ್ಚಿದಳು. ಊದುಬತ್ತಿ ಹಚ್ಚಿ ಬಾಗಿಲ ಹತ್ತಿರ ಸಿಕ್ಕಿಸಿದಳು. ಮಳೆ ಬಂದರೆ ಒಣಗಿದ ಬಟ್ಟೆ ಒಳಗೆ ತರುತ್ತೇವಲ್ಲ, ಅಷ್ಟು ಸಹಜವಾಗಿ. ಮತ್ತೆ ಹೋಗಿ ಲೆಕ್ಕ ಬಿಡಿಸೋಕೆ ಕೂತಳು. ಅವಳಿಗೆ 11 ವರ್ಷ ಕಣೋ.

ನಾನು ಅವಳಿಗೆ ಒಂದು ದಿನವೂ ಹೇಳಿಕೊಟ್ಟಿಲ್ಲ. ನೋಡಿ ಕಲಿತಿದ್ದಾಳೆ. ನಾನು ಪ್ರತಿ ಸಲ ಮಾಡುವುದು ಅದನ್ನೇ ಅಲ್ವಾ? ಹಳೇ ಬಾಡಿಗೆ ಮನೆಯ ಓನರ್ "ಬೇರೆ ಕಡೆ ನೋಡ್ಕೊಳ್ಳಿ" ಅಂದಿದ್ದು ನಿನಗೆ ಗೊತ್ತು. ಕಾರಣ ಏನು ಅಂತ ನಿನಗೆ ಹೇಳಿರಲಿಲ್ಲ. ಇದೇ ಕಾರಣ. ಅವತ್ತಿನಿಂದ ಶುರು ಅಂತ ಹೇಳಿದರೆ ಸುಲಭ. ಆದರೆ ಅವತ್ತಿನಿಂದ ಶುರುವಾಗಿದ್ದಲ್ಲ. ಅಪ್ಪ ರೋಸ್ಟ್ ಮಾಡುವಾಗ ಕಿಟಕಿ ಮುಚ್ಚಿದ್ದು ನಾನು ನೋಡೇ ಇಲ್ಲ. ಹೆದರಿಕೆ ನಮ್ಮ ಮನೆಗೆ ಬಂದದ್ದು ನನ್ನಿಂದ.

1997, ಎರಡನೇ ಪಿಯುಸಿ, ಈಸ್ಟರ್ ಮಾರನೇ ದಿನ. ನಾವಿಬ್ಬರೂ ಬೇವಿನ ಮರದ ಕೆಳಗೆ ಕೂತಿದ್ದೆವು. ನಾನು ಡಬ್ಬಿ ತೆಗೆದೆ. "ಏನೋ ಇದು, ಇಷ್ಟು ಘಮ" ಅಂತ ನೀನು ಕೈ ಹಾಕೋಕೆ ಬಂದೆ. ನಾನು ಮುಚ್ಚಳ ಹಾಕಿ "ಹಳಸಿದೆ" ಅಂದೆ. ನಿನ್ನ ಕಣ್ಣ ಮುಂದೆಯೇ ಗೇಟಿನ ಹತ್ತಿರದ ನಾಯಿಗೆ ಹಾಕಿ ಬಂದೆ. ಹಳಸಿರಲಿಲ್ಲ ಕಣೋ. ಅಪ್ಪ ಐದು ಗಂಟೆಗೆ ಎದ್ದು, ಎಳೆಗೆ ಅಡ್ಡಲಾಗಿ ತೆಳ್ಳಗೆ ಕೊಯ್ದು, ಬ್ರೆಡ್ಡಿನ ನಡುವೆ ಇಟ್ಟು ಕಟ್ಟಿದ್ದರು. ಇಬ್ಬರಿಗೆ ಆಗುವಷ್ಟು.

ಸಂಜೆ ಅಪ್ಪ ಕೇಳಿದರು, "ನಿನ್ನ ಗೆಳೆಯನಿಗೂ ಕೊಟ್ಟೆಯಾ?" ನಾನು ಹೂಂ ಅಂದೆ. ತುಂಬ ಇಷ್ಟಪಟ್ಟ ಅಂತಲೂ ಸೇರಿಸಿದೆ. ಆಮೇಲೆ ಅಪ್ಪನಿಗೆ ನೀನು ಯಾವಾಗಲೂ ರೋಸ್ಟ್ ಹುಡುಗ. ಅವರ ಮಣ್ಣಿನ ದಿನ ಅಮ್ಮ ನಿನ್ನ ಕೈ ಹಿಡಿದು "ನಿಮ್ಮಂಕಲ್ ಮಾಡೋ ರೋಸ್ಟು ಇನ್ನು ನಿನಗೆ ಯಾರು ಕೊಡ್ತಾರಪ್ಪ" ಅಂದಳು. ನಿನಗೆ ತಲೆಬುಡ ಗೊತ್ತಿಲ್ಲ. ಆದರೂ ನೀನು "ಹೌದಮ್ಮಾ" ಅಂದೆ. ಯಾಕೆ ಹಾಗಂದೆ ಅಂತ ಇವತ್ತಿನವರೆಗೂ ನನ್ನನ್ನು ಕೇಳಲೂ ಇಲ್ಲ. ಅವತ್ತೇ ನಿನಗೆ ಇದನ್ನು ಹೇಳಬೇಕಿತ್ತು.

ಇಷ್ಟು ಬರೆಯಬೇಕು ಅಂತ ಕೂತಿರಲಿಲ್ಲ. ರೋಸ್ಟ್ ಬಗ್ಗೆ ಹೇಳೋಕೆ ಕೂತಿದ್ದೆ.

ರೋಸ್ಟ್ ಚೆನ್ನಾಗಿ ಬಂತು. ಒಟ್ಟು ಒಂದೂಕಾಲು ಗಂಟೆ ಬೆಂದಿತು. ಇಳಿಸಿ ಇಪ್ಪತ್ತು ನಿಮಿಷ ಸುಮ್ನೆ ಬಿಟ್ಟು, ಆಮೇಲೆ ದಾರ ಬಿಚ್ಚಿ ಕೊಯ್ದೆ. ಅಕ್ಕ ಮೊದಲ ತುತ್ತಿಗೇ ಕಣ್ಣೊರೆಸಿಕೊಂಡಳು. ಅಮ್ಮ ಎರಡು ಸಲ ಹಾಕಿಸಿಕೊಂಡು, ಮೆಣಸು ಸ್ವಲ್ಪ ಕಡಿಮೆ ಅಂದಳು. ಊಟದ ಹೊತ್ತಿಗೆ ಎದ್ದು ಕಿಟಕಿ ತೆಗೆದೆ ಅಂತ ಬರೆಯೋಕೆ ಆಸೆ. ತೆಗೆಯಲಿಲ್ಲ.

ನೀನು ಇದನ್ನು ತಿನ್ನುತ್ತೀಯೋ ಇಲ್ಲವೋ ನನಗೆ ಗೊತ್ತಿಲ್ಲ. ಇಷ್ಟು ವರ್ಷದಲ್ಲಿ ಒಂದು ಸಲವೂ ಕೇಳಿಲ್ಲ. ಈಗ ಕೇಳುತ್ತಿದ್ದೇನೆ. ತಿಂತೀನಿ ಅಂದರೆ ಭಾನುವಾರ ಬಾ, ಮೆಣಸು ಜಾಸ್ತಿ ಹಾಕುತ್ತೇನೆ. ಇಲ್ಲ ಅಂದರೂ ಬಾ, ಅಮ್ಮ ನಿನಗೆ ಹೀರೇಕಾಯಿ ಚಟ್ನಿ ಅರೆದಿಡುತ್ತಾಳೆ. ಬರುವಾಗ ನಮ್ಮ ಸ್ಟೀಲ್ ಡಬ್ಬಿ ತಗೊಂಡು ಬಾ. ಮತ್ತೆ ಕೊಡೆ.

ನಿನ್ನ,
ಮೂರನೇ ಬೆಂಚು